ಬಿಡುಗಡೆಯ ದುಡ್ಡು

ನಾನು ಸಿನಿಮಾ ನಿರ್ಮಾಪಕಿ ಅಂದ ಕೂಡಲೇ ತೀರ್ಥಹಳ್ಳಿ ಕಡೆಯ ನಮ್ಮ ನೆಂಟರೆಲ್ಲ ಕೇಳುವ ಮೊದಲ ಪ್ರಶ್ನೆ, "ತೋಟ ಮಾರಿದ್ಯಾ?" ಸಿನಿಮಾ ಅಂದರೆ ಕೈಯಿಂದ ದುಡ್ಡು ಹಾಕುವುದು, ಹಾಕಿದ್ದನ್ನು ಕಳೆದುಕೊಳ್ಳುವುದು ಅಂತಲೇ ಎಲ್ಲರ ನಂಬಿಕೆ. ನಾನು ತೋಟ ಮಾರಿಲ್ಲ. ಒಂದು ಚಿತ್ರ ಮಾಡಿದೆ, ಅದನ್ನು ಥಿಯೇಟರಿಗೆ ಹಾಕಿದೆ, ದುಡ್ಡು ಕೊಟ್ಟವರ ಮುಂದೆ ಕೂತು ಲೆಕ್ಕ ಒಪ್ಪಿಸಿದೆ. ಶಿವಮೊಗ್ಗ, ಸಾಗರ, ಸೊರಬ ಕಡೆಯ ಹುಡುಗ ಹುಡುಗಿಯರು ಆಗಾಗ ಫೋನ್ ಮಾಡುತ್ತಾರೆ. "ಅಕ್ಕ, ಕಥೆ ಇದೆ, ಕ್ಯಾಮೆರಾ ಇದೆ, ನಿರ್ಮಾಪಕರು ಇಲ್ಲ, ಏನ್ ಮಾಡೋದು?" ಅಂತ ಕೇಳುತ್ತಾರೆ. ಫೋನಿನಲ್ಲಿ ಅರ್ಧ ಗಂಟೆ ಮಾತಾಡಿದರೂ ಹೇಳಿ ಮುಗಿಯುವುದಿಲ್ಲ. ಅವರಿಗಾಗಿಯೇ ಇದನ್ನು ಬರೆಯುತ್ತಿದ್ದೇನೆ.

ನಮ್ಮ ದೇಶದ 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ ಸಿನಿಮಾದ ಕರ್ತೃ ಅಂದರೆ ನಿರ್ಮಾಪಕ. ನಿರ್ದೇಶಕ ಅಲ್ಲ. ಇದನ್ನು ಕೇಳಿದಾಗ ನನ್ನ ನಿರ್ದೇಶಕನಿಗೆ ಸ್ವಲ್ಪ ಬೇಜಾರೇ ಆಯಿತು. ಆದರೆ ಕಾನೂನು ಹಾಗೆ ಹೇಳುವುದಕ್ಕೆ ಕಾರಣ ಇದೆ. ಚಿತ್ರದ ಪ್ರತಿಯೊಂದು ಕಾಗದಕ್ಕೆ, ಪ್ರತಿಯೊಂದು ಸಾಲಕ್ಕೆ, ಶೂಟಿಂಗಿನಲ್ಲಿ ಯಾರಿಗಾದರೂ ಏಟಾದರೆ ಅದಕ್ಕೂ ಉತ್ತರ ಕೊಡಬೇಕಾದವರು ನಿರ್ಮಾಪಕರೇ. ಚಿತ್ರ ಬಂದು ಹತ್ತು ವರ್ಷ ಆದ ಮೇಲೂ ಯಾರೋ ಒಂದು ಹಾಡಿನ ಹಕ್ಕಿನ ಬಗ್ಗೆ ಕೇಳಿದರೆ ಫೈಲ್ ತೆಗೆದು ತೋರಿಸಬೇಕಾದವರೂ ಅವರೇ.

ಇದಕ್ಕೆ ಮುಂಚೆ ನಾನು ಬೆಂಗಳೂರಿನಲ್ಲಿ ಬೇರೆಯವರ ಚಿತ್ರಗಳಿಗೆ ಪ್ರೊಡಕ್ಷನ್ ಲೆಕ್ಕ ಬರೆಯುತ್ತಿದ್ದೆ. ಬಾಟಾ ಅಂದರೆ ದಿನಭತ್ಯೆಯ ವೋಚರ್, ಡೀಸೆಲ್ ಬಿಲ್, ಜೂನಿಯರ್ ಆರ್ಟಿಸ್ಟ್‌ಗಳ ಪಟ್ಟಿ, ಊಟದವರ ಬಾಕಿ. ರಾತ್ರಿ ಪ್ಯಾಕಪ್ ಆದ ಮೇಲೆ ಎಲ್ಲರೂ ಮಲಗಿದರೂ ಲೆಕ್ಕದವರು ಮಲಗುವ ಹಾಗಿಲ್ಲ. ಆ ಕೆಲಸದಲ್ಲಿ ಒಂದು ವಿಷಯವನ್ನು ಮತ್ತೆ ಮತ್ತೆ ಕಣ್ಣಾರೆ ಕಂಡೆ. ಚಿತ್ರ ಮುಗಿಯುತ್ತಿತ್ತು, ಚೆನ್ನಾಗಿಯೂ ಇರುತ್ತಿತ್ತು, ಆದರೆ ಬಿಡುಗಡೆಗೆ ಒಂದು ರೂಪಾಯಿಯೂ ಉಳಿದಿರುತ್ತಿರಲಿಲ್ಲ. ಶೂಟಿಂಗ್ ಎರಡು ದಿನ ಜಾಸ್ತಿ ಆಯಿತು, ಕ್ರೇನ್ ತರಿಸಿದರು, ಹಾಡಿಗೆ ಹೊರಗಿನ ಗಾಯಕರು ಬಂದರು. ಪ್ರತಿ ಸಲ ಕೈ ಹಾಕುತ್ತಿದ್ದದ್ದು ಕೊನೆಗೆ ಬೇಕಾಗುವ ದುಡ್ಡಿಗೆ. ಆಮೇಲೆ ಹಾರ್ಡ್ ಡಿಸ್ಕ್ ಹಿಡಿದುಕೊಂಡು ಗಾಂಧಿನಗರ ಸುತ್ತುತ್ತಿದ್ದರು. ಬಡ್ಡಿ ಬೆಳೆಯುತ್ತಿತ್ತು. ಎಷ್ಟೋ ಜನರ ವರ್ಷಗಟ್ಟಲೆ ದುಡಿಮೆಯನ್ನು ಒಬ್ಬ ಪ್ರೇಕ್ಷಕನೂ ನೋಡಲಿಲ್ಲ. ಇದರಷ್ಟು ಹೊಟ್ಟೆ ಉರಿಸುವ ವಿಷಯ ನನಗೆ ಸಿನಿಮಾದಲ್ಲಿ ಬೇರೆ ಇಲ್ಲ.

ಹಾಗಾಗಿ ನನ್ನ ಚಿತ್ರಕ್ಕೆ ಕೈ ಹಾಕುವ ಮುಂಚೆಯೇ ಒಂದು ನಿಯಮ ಮಾಡಿದೆ. ಬಂದ ಪ್ರತಿ ನೂರು ರೂಪಾಯಿಯಲ್ಲಿ ಮೂವತ್ತೈದು ಬಿಡುಗಡೆಗೆ. ಅದು ಬೇರೆಯೇ ಬ್ಯಾಂಕ್ ಖಾತೆಯಲ್ಲಿ ಇರಬೇಕು. ಅದರಿಂದ ದುಡ್ಡು ತೆಗೆಯಬೇಕಾದರೆ ನನ್ನ ಸಹಿಯ ಜೊತೆ ಹೂಡಿಕೆದಾರರಲ್ಲಿ ಒಬ್ಬರ ಸಹಿಯೂ ಬೇಕು.

ಕಥೆ ಸಿಕ್ಕಿದ್ದು ಹಳೆಯ ಕಥಾಸಂಕಲನವೊಂದರಲ್ಲಿ. ನಮ್ಮ ಜಿಲ್ಲೆಯವರೇ ಬರೆದದ್ದು, ಅವರು ತೀರಿಕೊಂಡು ಬಹಳ ವರ್ಷವಾಗಿದೆ. ಲೇಖಕರು ಇಲ್ಲ ಅಂದ ಮಾತ್ರಕ್ಕೆ ಕಥೆ ಊರಿನ ಸೊತ್ತಾಗುವುದಿಲ್ಲ. ಅವರು ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಹಕ್ಕು ವಾರಸುದಾರರದ್ದು. ವಾರಸುದಾರರು ಮೂವರು. ಒಬ್ಬರು ಸಾಗರದಲ್ಲಿ, ಒಬ್ಬರು ಬೆಂಗಳೂರಲ್ಲಿ, ಒಬ್ಬರು ಅಮೆರಿಕದಲ್ಲಿ. ಸಾಗರದವರು ಕಾಫಿ ಕೊಟ್ಟು, "ಅಪ್ಪನ ಕಥೆ ಸಿನಿಮಾ ಆಗ್ತದೆ ಅಂದ್ರೆ ಸಂತೋಷ, ಮಾಡಿ" ಅಂದುಬಿಟ್ಟರು. ಬಾಯಿಮಾತು ಸಾಲದು ಅಂತ ಅವರಿಗೆ ವಿವರಿಸುವುದು ಕಷ್ಟವಾಯಿತು. ನಾನು ಅವರ ಮೇಲೆ ನಂಬಿಕೆ ಇಲ್ಲದೆ ಕೇಳುತ್ತಿದ್ದೇನೆ ಅಂತ ಅವರಿಗೆ ಅನಿಸಬಾರದಲ್ವಾ? ಆದರೆ ನಾಳೆ ಒಟಿಟಿಯವರು ಮೊದಲು ಕೇಳುವ ಕಾಗದವೇ ಅದು. ಮೂವರ ಸಹಿ ಇಲ್ಲದಿದ್ದರೆ ಚಿತ್ರ ಎಷ್ಟೇ ಚೆನ್ನಾಗಿದ್ದರೂ ಯಾರೂ ಮುಟ್ಟುವುದಿಲ್ಲ. ಥಿಯೇಟರ್, ಟಿವಿ, ಒಟಿಟಿ, ಡಬ್ಬಿಂಗ್, ರೀಮೇಕ್ ಎಲ್ಲವನ್ನೂ ಒಂದೊಂದಾಗಿ ಬರೆಸಿದೆ. ಅಮೆರಿಕದ ಮಗಳ ಸಹಿ ಬರುವವರೆಗೆ ಕಾದೆ. ಅಷ್ಟರಲ್ಲಿ ನಿರ್ದೇಶಕ ಚಿತ್ರಕಥೆಯನ್ನು ಇನ್ನೊಂದು ಸಲ ತಿದ್ದಿದ, ಅದೂ ಒಳ್ಳೆಯದೇ ಆಯಿತು.

ಬ್ಯಾನರ್ ನೋಂದಣಿ, ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಟೈಟಲ್, ಜಿಎಸ್‌ಟಿ ಇವೆಲ್ಲ ಓಡಾಟದ ಕೆಲಸ. ತಾಳ್ಮೆ ಇದ್ದರೆ ಆಗುತ್ತದೆ. ನಾವು ಇಟ್ಟುಕೊಂಡಿದ್ದ ಹೆಸರು ಮೊದಲೇ ಬೇರೆಯವರ ಹತ್ತಿರ ಇತ್ತು, ಬೇರೆ ಹೆಸರು ಹುಡುಕಿದೆವು.

ದುಡ್ಡು ಕೊಟ್ಟವರು ಅಡಿಕೆ ಬೆಳೆಗಾರರು. ಇದರ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳಬೇಕು. ಬೆಂಗಳೂರಿನಲ್ಲಿ ಸಿನಿಮಾಗೆ ದುಡ್ಡು ಹಾಕುವವರು ಸಾಮಾನ್ಯವಾಗಿ ಬಡ್ಡಿ ಕೇಳುತ್ತಾರೆ. ಆ ಬಡ್ಡಿಯ ಭಾರ ಇಟ್ಟುಕೊಂಡು ಸಣ್ಣ ಚಿತ್ರ ಬದುಕುವುದಿಲ್ಲ. ನಮ್ಮ ಕಡೆಯವರಿಗೆ ಕಾಯುವುದು ಗೊತ್ತು. ಅಡಿಕೆ ಸಸಿ ನೆಟ್ಟವರು ಐದಾರು ವರ್ಷ ಫಸಲಿಗೆ ಕಾಯುತ್ತಾರೆ, ನಡುವೆ ಕೊಳೆ ರೋಗ ಬಂದರೂ ತೋಟ ಬಿಟ್ಟು ಓಡುವುದಿಲ್ಲ. ನಾನು ಅವರ ಮುಂದೆ ಸುಮ್ನೆ ಆಸೆ ಹುಟ್ಟಿಸಲಿಲ್ಲ. "ಈ ದುಡ್ಡು ಪೂರ್ತಿ ಹೋದರೂ ನಿಮ್ಮ ಮನೆ ನಡೀಬೇಕು, ಅಷ್ಟು ಮಾತ್ರ ಕೊಡಿ" ಅಂದೆ. ಬಂದ ಆದಾಯದಲ್ಲಿ ಮೊದಲು ಅವರ ಅಸಲು, ಆಮೇಲೆ ಕಲಾವಿದರಿಗೆ ಉಳಿಸಿಕೊಂಡ ಬಾಕಿ, ಆಮೇಲೆ ಲಾಭ ಇದ್ದರೆ ಪಾಲು. ಇದನ್ನು ಕನ್ನಡದಲ್ಲೇ ಕರಾರು ಮಾಡಿದೆವು. ಒಬ್ಬರು ಅದನ್ನು ಮನೆಗೆ ಒಯ್ದು, ಮಗಳ ಕೈಲಿ ಓದಿಸಿ, ಅಂಚಿನಲ್ಲಿ ಪೆನ್ಸಿಲಿನಿಂದ ಪ್ರಶ್ನೆ ಬರೆದು ತಂದರು. ಒಳ್ಳೆಯ ಪ್ರಶ್ನೆಗಳು. "ಚಿತ್ರ ಅರ್ಧಕ್ಕೆ ನಿಂತರೆ ಕ್ಯಾಮೆರಾದಲ್ಲಿ ಇರೋದು ಯಾರದ್ದು?" ಅಂತ ಒಂದು. ಅದಕ್ಕೂ ಒಂದು ಸಾಲು ಸೇರಿಸಿದೆವು.

ಕಂತುಗಳನ್ನು ಮಂಡಿ ನೋಡಿ ಇಟ್ಟೆ. ರಾಶಿ ಇಡಿ, ಅಂದರೆ ಬೇಯಿಸಿ ಒಣಗಿಸಿದ ಕೆಂಪಡಿಕೆ, ಶಿವಮೊಗ್ಗ ಮಂಡಿಯಲ್ಲಿ ಯಾವಾಗ ಮಾರುತ್ತಾರೋ ಆಗ ಅವರ ಕೈಯಲ್ಲಿ ದುಡ್ಡು. ಧಾರಣೆ ಏರುತ್ತಿದ್ದರೆ ಯಾರೂ ಮಾರುವುದಿಲ್ಲ. ಆಗ ನನ್ನ ಕಂತೂ ಬರುವುದಿಲ್ಲ. ಹಾಗಾಗಿ ಇಡೀ ಶೂಟಿಂಗಿನ ದುಡ್ಡು ಕೈಗೆ ಬಂದ ಮೇಲೆಯೇ ತಾರೀಖು ಹಾಕಿದ್ದು. ಅರ್ಧ ದುಡ್ಡಿನಲ್ಲಿ ಮುಹೂರ್ತ ಮಾಡಿ, ಉಳಿದದ್ದು ಹೇಗೋ ಬರುತ್ತದೆ ಅನ್ನುವ ಪದ್ಧತಿ ನನಗೆ ಬೇಡವಾಗಿತ್ತು.

ಕಥೆ ನಡೆಯುವುದು ಅಡಿಕೆ ಕೊಯ್ಲಿನ ದಿನಗಳಲ್ಲಿ. ಕೊಯ್ಲಿನ ಹೊತ್ತಲ್ಲಿ ಮಲೆನಾಡಿನ ಯಾವ ಮನೆಯವರಿಗೂ ಉಸಿರಾಡಲು ಪುರುಸೊತ್ತು ಇರುವುದಿಲ್ಲ. ಮರ ಹತ್ತುವ ಕೊನೆಗಾರ ಸಿಕ್ಕಿದ ದಿನ ಅಡಿಕೆ ಕೊನೆ ಇಳಿಸಬೇಕು, ಇಳಿಸಿದ್ದನ್ನು ಸುಲಿಯಬೇಕು, ಸುಲಿದದ್ದನ್ನು ಚೊಗರು (ಅಡಿಕೆ ಬೇಯಿಸಿದ ಕೆಂಪು ನೀರು) ಹಾಕಿ ಬೇಯಿಸಬೇಕು, ಒಣಗಿಸಬೇಕು. ಅಂಥ ಮನೆಗೆ ಹೋಗಿ "ನಿಮ್ಮ ಅಂಗಳ ಕೊಡಿ" ಅಂತ ಕೇಳುವುದು ಹೇಗೆ? ತೀರ್ಥಹಳ್ಳಿಯಿಂದ ಆಗುಂಬೆ ಕಡೆ ಹೋಗುವ ದಾರಿಯಿಂದ ಒಳಗೆ ಒಂದು ಹಳೆಯ ನಾಲ್ಕಂಕಣದ ಮನೆ ನೋಡಿದ್ದೆವು. ಯಜಮಾನರನ್ನು ಊರೆಲ್ಲ ಭಟ್ರು ಅಂತ ಕರೆಯುತ್ತದೆ. ಆ ಕಡೆಯ ಜನಕ್ಕೆ ಶೂಟಿಂಗ್ ಹೊಸದಲ್ಲ. 1980ರ ದಶಕದಲ್ಲಿ ಶಂಕರ್ ನಾಗ್ ಆಗುಂಬೆಗೆ ಬಂದು ಧಾರಾವಾಹಿ ಮಾಡಿದ್ದನ್ನು ಹಿರಿಯರು ಇವತ್ತಿಗೂ ಪ್ರೀತಿಯಿಂದ ಹೇಳುತ್ತಾರೆ. ಭಟ್ರು ನನ್ನ ಮಾತು ಪೂರ್ತಿ ಕೇಳಿಸಿಕೊಂಡರು. "ನೋಡು ತಂಗಿ, ಬಾಡಿಗೆ ನೀ ಎಷ್ಟು ಕೊಟ್ರೂ ಸೈ. ಮೊದಲ ಕೊಯ್ಲು ಒಣಗಿ ಮುಗೀಲಿ. ಎರಡನೇ ಕೊಯ್ಲಿಗೆ ಮುಂಚೆ ಬಾ. ನಡುವೆ ಅಂಗಳ ನಿಂದು. ಆದ್ರೆ ಮನೆ ಒಳಗೆ ಮಾಂಸ ಮೀನು ಬೇಡ" ಅಂದರು.

ಯೂನಿಟ್‌ನವರಿಗೆ ದಿನಾ ತರಕಾರಿ ಊಟ ಹಾಕಿದರೆ ಮೂರನೇ ದಿನಕ್ಕೆ ಗೊಣಗಾಟ ಶುರುವಾಗುತ್ತದೆ. ಅವರ ತಪ್ಪೂ ಅಲ್ಲ, ಲೈಟ್ ಹೊತ್ತು ಗುಡ್ಡ ಹತ್ತುವವರು ಅವರು. ಕೆಳಗಿನ ರಸ್ತೆಯಲ್ಲಿ ಒಂದು ಹಳೆಯ ಅಕ್ಕಿ ಗಿರಣಿ ಖಾಲಿ ಬಿದ್ದಿತ್ತು. ಅದನ್ನು ಅಡುಗೆಮನೆ ಮಾಡಿದೆವು. ಯೂನಿಟ್ ಬಸ್ಸು ಆ ಏರಿನ ಮಣ್ಣುರಸ್ತೆ ಹತ್ತುವುದಿಲ್ಲ. ಅದೂ ಗಿರಣಿ ಹತ್ತಿರವೇ ನಿಂತಿತು. ಸಾಮಾನು ಮೇಲೆ ಸಾಗಿಸಲು ಊರಿನದೇ ಎರಡು ಪಿಕಪ್ ಹೇಳಿದೆವು.

ನಮ್ಮದು ಸಿಂಕ್ ಸೌಂಡ್ ಚಿತ್ರ. ಅಂದರೆ ಆಮೇಲೆ ಸ್ಟುಡಿಯೋದಲ್ಲಿ ಡಬ್ಬಿಂಗ್ ಇಲ್ಲ, ಕಲಾವಿದರು ಅಲ್ಲೇ ಆಡಿದ ಮಾತೇ ಚಿತ್ರದಲ್ಲಿ ಇರುತ್ತದೆ. ಮಲೆನಾಡು ನಿಶ್ಶಬ್ದ ಅಂತ ಬೆಂಗಳೂರಿನವರು ಅಂದುಕೊಂಡಿರುತ್ತಾರೆ. ಮೈಕ್ ಹಾಕಿ ಕೂತರೆ ಗೊತ್ತಾಗುತ್ತದೆ. ಸಂಜೆ ಜೀರುಂಡೆ ಶುರುವಾದರೆ ಮುಗಿಯಿತು, ಯಾವ ಮಾತನ್ನೂ ಶುದ್ಧವಾಗಿ ಹಿಡಿಯಲಾಗದು. ಅಕ್ಕಪಕ್ಕದ ಮನೆಗಳಲ್ಲಿ ಈಗ ಅಡಿಕೆ ಸುಲಿಯುವ ಯಂತ್ರ ಬಂದಿದೆ, ಅದರ ಸದ್ದು ಗದ್ದೆ ದಾಟಿ ಕೇಳುತ್ತದೆ. ನಾನು ಒಂದೊಂದು ಮನೆಗೂ ಹೋಗಿ ಕೂತು ಮಾತಾಡಿದೆ. ನಾವು ಮಧ್ಯಾಹ್ನದ ಊಟ ಮಾಡುವ ಹೊತ್ತು, ಅದರ ನಂತರ ಮಾತಿಲ್ಲದ ಶಾಟ್ ತೆಗೆಯುವ ಹೊತ್ತು ಅವರು ಯಂತ್ರ ಹಾಕುವುದು. ಬೆಳಿಗ್ಗೆ ಬಿಡುವುದು. ಯಾರೂ ಇದಕ್ಕೆ ದುಡ್ಡು ಕೇಳಲಿಲ್ಲ. ಒಬ್ಬರು ಮಾತ್ರ, "ನಿಮ್ಮ ಜನರೇಟರಿನಿಂದ ರಾತ್ರಿ ಒಂದು ಗಂಟೆ ನಮ್ಮ ಯಂತ್ರಕ್ಕೆ ಕರೆಂಟ್ ಕೊಡಿ, ಇಲ್ಲಿ ಕರೆಂಟೇ ಇರಲ್ಲ" ಅಂದರು. ಕೊಟ್ಟೆವು. ನಿರ್ಮಾಪಕರ ಕೆಲಸ ಏನು ಅಂತ ಕೇಳುವವರಿಗೆ ನಾನು ಈ ಮನೆಮನೆ ಓಡಾಟವನ್ನೇ ಹೇಳುವುದು.

ಅಡಿಕೆಯ ಬಣ್ಣದ ಕಥೆ ಇನ್ನೊಂದು. ಚಿತ್ರದಲ್ಲಿ ಒಂದು ದೊಡ್ಡ ಜಗಳದ ದೃಶ್ಯ ಇದೆ, ಅಣ್ಣ ತಮ್ಮಂದಿರು ಹಿಸ್ಸೆ ಕೇಳುವುದು. ಹಿಂದೆ ಇಡೀ ಅಂಗಳದಲ್ಲಿ ಬೇಯಿಸಿದ ಅಡಿಕೆ ಹರಡಿದೆ. ದೃಶ್ಯ ಒಂದೇ ಮಧ್ಯಾಹ್ನದ್ದು, ಆದರೆ ಒಂದು ದಿನದಲ್ಲಿ ತೆಗೆದು ಮುಗಿಯುವಂಥದ್ದಲ್ಲ. ಬೇಯಿಸಿದ ದಿನ ಚೊಗರಿನಿಂದ ಕೆಂಪಗೆ ಹೊಳೆಯುವ ಅಡಿಕೆ ಬಿಸಿಲು ತಿಂದ ಹಾಗೆ ಮಂಕಾಗಿ ಕಪ್ಪಿಗೆ ತಿರುಗುತ್ತದೆ. ಎರಡನೇ ದಿನ ಮಾನಿಟರಿನಲ್ಲಿ ನೋಡಿದರೆ ಬೇರೆಯೇ ಅಂಗಳ. ಕಲಾ ನಿರ್ದೇಶಕರು ಬಣ್ಣ ಸಿಂಪಡಿಸೋಣ ಅಂದರು. ಸಾವಿರಾರು ರೂಪಾಯಿಯ ಫಸಲಿನ ಮೇಲೆ ಬಣ್ಣ! ನಾನು ಬೇಡ ಅಂದೆ. ಭಟ್ರ ಹೆಂಡತಿ ಜಗುಲಿಯಲ್ಲಿ ಕೂತು ಕೇಳುತ್ತಿದ್ದರು. "ಎಂತಕ್ಕೆ ತಲೆಬಿಸಿ ಮಾರಾಯ್ತಿ. ದಿನಾ ಒಂದು ಹಂಡೆ ಹೊಸದು ಬೇಯಿಸಿ ಮೇಲಿಂದ ತೆಳ್ಳಗೆ ಹರಡಿದ್ರಾತು. ಹಳೇದು ಅಡಿಗೆ ಇರ್ತದೆ, ಕಾಣ್ತದಾ?" ಅಂದರು. ಪಕ್ಕದ ಮನೆಯಲ್ಲಿ ಕೊಯ್ಲು ನಡೆಯುತ್ತಿತ್ತು. ಅಲ್ಲಿಂದ ಹಸಿ ಅಡಿಕೆ ತಂದು, ಪ್ರತಿ ಬೆಳಿಗ್ಗೆ ಕಾಲ್‌ಶೀಟ್ ಶುರುವಾಗುವ ಮುಂಚೆ ಒಂದು ಹಂಡೆ ಬೇಯಿಸಿದೆವು. ಚಿತ್ರ ನೋಡಿದ ಯಾರಿಗೂ ಅದು ಬೇರೆ ಬೇರೆ ದಿನ ಅಂತ ತಿಳಿದಿಲ್ಲ. ಟೈಟಲ್ ಕಾರ್ಡಿನಲ್ಲಿ ಕಲಾ ವಿಭಾಗದ ಸಾಲಿನಲ್ಲಿ ಆ ಅಮ್ಮನ ಹೆಸರು ಇದೆ.

ಡಿಸೆಂಬರಿನಿಂದ ಮಲೆನಾಡಿನಲ್ಲಿ ಶೂಟಿಂಗ್ ಮಾಡುವ ಯಾರೇ ಆದರೂ ಮಂಗನ ಕಾಯಿಲೆಯ ವಿಷಯ ತಿಳಿದಿರಲೇಬೇಕು. ಇದು ಮೊದಲು ಪತ್ತೆಯಾಗಿದ್ದೇ ನಮ್ಮ ಜಿಲ್ಲೆಯಲ್ಲಿ, 1957ರಲ್ಲಿ, ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ. ಉಣುಗು, ಅಂದರೆ ಉಣ್ಣೆ ಹುಳ, ಕಚ್ಚಿದರೆ ಬರುತ್ತದೆ. ಹೆಚ್ಚು ಕಾಣಿಸಿಕೊಳ್ಳುವುದು ಡಿಸೆಂಬರಿನಿಂದ ಮೇ ತನಕ, ಅಂದರೆ ಮಳೆ ಇಲ್ಲದ, ಸಿನಿಮಾದವರಿಗೆ ಇಷ್ಟವಾದ ತಿಂಗಳುಗಳಲ್ಲೇ. ನಾನು ಜಾಗ ಗೊತ್ತು ಮಾಡುವ ಮುಂಚೆ ಅಲ್ಲಿನ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಹೋಗಿ ಸುತ್ತಮುತ್ತ ಮಂಗ ಸತ್ತ ವರದಿ ಇದೆಯಾ ಅಂತ ಕೇಳಿದೆ. ಇರಲಿಲ್ಲ. ಆದರೂ ಆಶಾ ಕಾರ್ಯಕರ್ತೆಯೊಬ್ಬರನ್ನು ಮೊದಲ ದಿನವೇ ಸೆಟ್ಟಿಗೆ ಕರೆದೆ. ಉಣುಗು ಹತ್ತದ ಹಾಗೆ ಡೆಪಾ ಎಣ್ಣೆಯನ್ನು ಕೈಕಾಲಿಗೆ ಹೇಗೆ ಹಚ್ಚಬೇಕು, ತರಗೆಲೆ ಮೇಲೆ ಯಾಕೆ ಕೂರಬಾರದು, ಸಂಜೆ ಬಿಸಿನೀರು ಸ್ನಾನ ಮಾಡಿ ಬಟ್ಟೆ ಯಾಕೆ ಬದಲಿಸಬೇಕು ಅಂತ ಅವರು ಎಲ್ಲರಿಗೂ ಹೇಳಿದರು. ಬೆಂಗಳೂರಿನ ಲೈಟ್ ಹುಡುಗರು ಊಟ ಮಾಡಿ ಮರದ ಕೆಳಗೆ ತರಗೆಲೆ ಮೇಲೆ ಅಡ್ಡಾಗುವವರು. ಅವರಿಗೆ ಚಾಪೆ, ಬೆಂಚು ತರಿಸಿದೆ. ಜ್ವರ ಅಂದವರನ್ನು ಅವತ್ತೇ ಡಾಕ್ಟರ ಹತ್ತಿರ ಕಳಿಸುವುದು, ಸಂಬಳ ಹಿಡಿಯದೆ ರಜೆ ಕೊಡುವುದು ಅಂತ ಮೊದಲೇ ಹೇಳಿಬಿಟ್ಟೆ. ಸಂಬಳ ಹಿಡಿದರೆ ಜ್ವರ ಮುಚ್ಚಿಡುತ್ತಾರೆ. ಯಾರಿಗೂ ಏನೂ ಆಗಲಿಲ್ಲ. ಕಾಡಿನ ದೃಶ್ಯಗಳನ್ನೂ ಆದಷ್ಟು ಖಾಸಗಿ ತೋಟದ ಅಂಚಿನಲ್ಲೇ ತೆಗೆದೆವು. ರಕ್ಷಿತ ಅರಣ್ಯಕ್ಕೆ ಹೋಗಬೇಕಾದರೆ ಅರಣ್ಯ ಇಲಾಖೆಯ ಅನುಮತಿ ಬೇಕು, ಇಷ್ಟು ಜನರನ್ನು ಅಲ್ಲಿಗೆ ಕರೆದೊಯ್ಯುವುದು ನನಗೆ ಸರಿಯೂ ಅನಿಸಲಿಲ್ಲ.

ಶೂಟಿಂಗ್ ಮುಗಿಯಿತು. ಎಡಿಟಿಂಗ್ ಅರ್ಧ ಆದಾಗ ನಿರ್ದೇಶಕ ಶಿವಮೊಗ್ಗಕ್ಕೆ ಬಂದ. ಅವನು ನನಗಿಂತ ಚಿಕ್ಕವನು, ಒಳ್ಳೆಯ ಹುಡುಗ, ಸುಳ್ಳು ಹೇಳುವವನಲ್ಲ.

"ಅಕ್ಕ, ಚಿತ್ರಕ್ಕೆ ಮಳೆ ಬೇಕು. ಕೊನೆಯಲ್ಲಿ ತಮ್ಮ ಮನೆ ಬಿಟ್ಟು ಹೋಗುವಾಗ ಆಗುಂಬೆ ಮಳೆ ಇರಬೇಕು. ಇಲ್ಲದಿದ್ದರೆ ಅದು ಒಣಗಿದ ಹಾಗಿದೆ."

ನಾನು ಎಡಿಟ್ ನೋಡಿದ್ದೆ. ಅವನು ಹೇಳಿದ್ದು ನಿಜ. ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುತ್ತದೆ. ಆ ಮಳೆಯನ್ನು ಪೈಪಿನಲ್ಲಿ ನೀರು ಬಿಟ್ಟು ಮಾಡಲಾಗದು. ಅವನು ಒಂದು ವಾರದ ಶೆಡ್ಯೂಲ್ ಬರೆದು ತಂದಿದ್ದ. ಪೂರ್ತಿ ಯೂನಿಟ್, ಜನರೇಟರ್, ಲಾಡ್ಜ್. ಶೂಟಿಂಗಿನ ಖಾತೆಯಲ್ಲಿ ಅಷ್ಟು ಇರಲಿಲ್ಲ. ಅವನಿಗೂ ಗೊತ್ತಿತ್ತು.

"ಬಿಡುಗಡೆ ಖಾತೆಯಿಂದ ತಗೊಳ್ಳೋಣ. ಚಿತ್ರ ಚೆನ್ನಾಗಿದ್ರೆ ಬಿಡುಗಡೆಗೆ ಯಾರಾದರೂ ಬಂದೇ ಬರ್ತಾರೆ."

ಇದೇ ಮಾತನ್ನು ನಾನು ಬೇರೆಯವರ ಆಫೀಸಿನಲ್ಲಿ ಎಷ್ಟು ಸಲ ಕೇಳಿದ್ದೇನೆ! ಯಾರೂ ಬರುವುದಿಲ್ಲ. ಬಂದವರು ಚಿತ್ರವನ್ನು ಅಗ್ಗಕ್ಕೆ ಬರೆಸಿಕೊಳ್ಳಲು ಬರುತ್ತಾರೆ. "ಆ ಖಾತೆ ಮುಟ್ಟಲ್ಲ" ಅಂದೆ. ಅವನು ಎದ್ದು ಹೋದ. ಊಟವನ್ನೂ ಮಾಡಲಿಲ್ಲ. ನನಗೂ ರಾತ್ರಿ ನಿದ್ದೆ ಬರಲಿಲ್ಲ, ಯಾಕೆಂದರೆ ಅವನು ಕೇಳಿದ್ದು ಚಿತ್ರಕ್ಕೆ, ತನಗಲ್ಲ.

ಮರುದಿನ ಅವನನ್ನು ಕರೆಸಿ ಅವನ ಪಟ್ಟಿಯನ್ನು ಎದುರಿಗೆ ಇಟ್ಟುಕೊಂಡು ಕೂತೆವು. ಮಳೆಯಲ್ಲಿ ಬೆಳಕು ಹೇಗೂ ಒಂದೇ ಸಮ, ಲೈಟ್ ಬೇಕಾ? ಬೇಡ. ಮಾತಿದೆಯಾ? ಇಲ್ಲ. ತಮ್ಮನ ಪಾತ್ರ ಮಾಡಿದವರು ಮತ್ತು ಬಸ್ಸು. ಹಾಗಾದರೆ ಯೂನಿಟ್ ಯಾಕೆ? ಕ್ಯಾಮೆರಾದವರು, ಒಬ್ಬ ಸಹಾಯಕ, ಶಬ್ದದವರು, ನಿರ್ದೇಶಕ, ಕಲಾವಿದ. ಒಂದೇ ಗಾಡಿ. ಉಳಿಯುವುದಕ್ಕೆ ನಮ್ಮ ಅತ್ತೆ ಮನೆ. ತುರ್ತಿಗೆ ಅಂತ ಇಟ್ಟಿದ್ದ ಸಣ್ಣ ಮೊತ್ತದಲ್ಲಿ ಅದು ಆಗುತ್ತಿತ್ತು. ಜುಲೈನಲ್ಲಿ ಹೋದರು. ಉಂಬಳಕ್ಕೆ (ಕಾಡಿನ ಜಿಗಣೆ) ಉಪ್ಪಿನ ಪೊಟ್ಟಣ, ಕ್ಯಾಮೆರಾಕ್ಕೆ ರೇನ್ ಕವರ್, ಒಣಗಿಸಲು ಬಚ್ಚಲೊಲೆ. ಅವರು ತಂದ ದೃಶ್ಯ ಚಿತ್ರದಲ್ಲೇ ಅತಿ ಚೆಂದದ್ದು. ಪೂರ್ತಿ ಯೂನಿಟ್ ಹೋಗಿದ್ದರೆ ಅದು ಸಿಗುತ್ತಿತ್ತೋ ಇಲ್ಲವೋ. ಬಸ್ಸಿನ ಗಾಜಿನ ಮೇಲೆ ನೀರು ಇಳಿಯುವುದನ್ನು ಅಷ್ಟು ಹೊತ್ತು ಕಾದು ಹಿಡಿಯಲು ದೊಡ್ಡ ಯೂನಿಟ್ಟಿಗೆ ಪುರುಸೊತ್ತು ಇರುವುದಿಲ್ಲ.

ಸೆನ್ಸಾರ್ ಅಂದರೆ ಬರೀ ಕತ್ತರಿ ಅಂತ ತಿಳಿದವರು ಜಾಸ್ತಿ. ಸಣ್ಣ ಚಿತ್ರಕ್ಕೆ ಹೆಚ್ಚು ಸಮಯ ಹಿಡಿಯುವುದು ಅದರ ಮುಂಚಿನ ಕಾಗದಗಳು. ನಮ್ಮ ಚಿತ್ರದಲ್ಲಿ ಕೊಟ್ಟಿಗೆ ಇದೆ, ಎರಡು ಮಲೆನಾಡು ಗಿಡ್ಡ ಹಸು ಇವೆ. ಪ್ರಾಣಿ ಬಳಸಿದರೆ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಗೆ ಶೂಟಿಂಗಿಗೆ ಮುಂಚೆಯೇ ಅರ್ಜಿ ಹಾಕಬೇಕು, ಮುಗಿದ ಮೇಲೆ ನಿರಾಕ್ಷೇಪಣಾ ಪತ್ರ ತರಬೇಕು. ಮಂಡಳಿಯ ಕಚೇರಿ ಇರುವುದು ಹರಿಯಾಣದ ಬಲ್ಲಭಗಢದಲ್ಲಿ. ಪಶು ವೈದ್ಯರ ಪತ್ರ ಬೇಕು. ಅಂಗಳದಲ್ಲಿ ಹಸು ಹಾದು ಹೋಗುವುದಕ್ಕೆ ಇಷ್ಟೆಲ್ಲವಾ ಅಂತ ನಿರ್ದೇಶಕ ಕೇಳಿದ. ಹೌದು, ಇಷ್ಟೆಲ್ಲ. ಒಂದು ಕಾಲದಲ್ಲಿ ಸಿನಿಮಾಗಾಗಿ ಪ್ರಾಣಿಗಳಿಗೆ ಕೊಟ್ಟ ಹಿಂಸೆ ಕಡಿಮೆಯೇನಲ್ಲ. ಆ ನಿಯಮ ಇರಬೇಕು ಅಂತಲೇ ನನ್ನ ಅಭಿಪ್ರಾಯ.

ಎಲೆಯಡಿಕೆಯದು ಇನ್ನೊಂದು. ಕಥೆಯ ಅಜ್ಜಯ್ಯ ಕವಳ ಹಾಕುತ್ತಾರೆ, ಹೊಗೆಸೊಪ್ಪು ಸೇರಿಸಿ. ತಂಬಾಕು ಯಾವ ರೂಪದಲ್ಲಿ ಕಂಡರೂ ಚಿತ್ರದ ಮೊದಲಿಗೆ, ಮಧ್ಯಂತರದ ನಂತರ ಆರೋಗ್ಯದ ಜಾಹೀರಾತು ಹಾಕಬೇಕು, ಆ ದೃಶ್ಯದಲ್ಲಿ ಕೆಳಗೆ ಎಚ್ಚರಿಕೆಯ ಸಾಲು ಬರಬೇಕು. ನಿರ್ದೇಶಕನಿಗೆ ಚಿತ್ರ ಶುರುವಾಗುವ ಮುಂಚೆ ಆ ಜಾಹೀರಾತು ಬರುವುದು ಬೇಡವಾಗಿತ್ತು. ಎಡಿಟರ್ ಕೂತು ನೋಡಿದರು. ಹೊಗೆಸೊಪ್ಪು ಎರಡು ಶಾಟಿನಲ್ಲಿ ಮಾತ್ರ ಕಾಣುತ್ತಿತ್ತು. ಅವೆರಡನ್ನು ತೆಗೆದರೆ ಬರೀ ಎಲೆ, ಅಡಿಕೆ, ಸುಣ್ಣ. ಆದರೆ ಅಜ್ಜಯ್ಯನ ಪಾತ್ರಧಾರಿ ಹೊಗೆಸೊಪ್ಪು ತಿಕ್ಕುವ ಆ ಶಾಟ್ ಬಹಳ ಚೆನ್ನಾಗಿತ್ತು. ಆ ಕೈಗಳಿಗಾಗಿ ಅದನ್ನು ಇಟ್ಟುಕೊಂಡೆವು, ಜಾಹೀರಾತನ್ನೂ ಹಾಕಿದೆವು. ಪ್ರಮಾಣಪತ್ರ ಯುಎ 13+ ಬಂತು. ಜಗಳದಲ್ಲಿ ಒಂದು ಬೈಗುಳದ ಧ್ವನಿ ತೆಗೆಯಲು ಹೇಳಿದರು, ತೆಗೆದೆವು.

ಬಿಡುಗಡೆಗೆ ಫೆಬ್ರವರಿ ಆರಿಸಿಕೊಂಡೆ. ಮಳೆಗಾಲದಲ್ಲಿ ನಮ್ಮ ಕಡೆಯ ಜನ ರಾತ್ರಿ ಆಟಕ್ಕೆ ಬರುವುದಿಲ್ಲ, ದಾರಿಯಲ್ಲಿ ಮರ ಬಿದ್ದರೆ ವಾಪಸ್ ಹೋಗುವುದು ಹೇಗೆ? ಕೊಯ್ಲಿನಲ್ಲಿ ಬರುವುದಿಲ್ಲ. ಮಾರ್ಚ್ ಬಂದರೆ ಮಕ್ಕಳ ಪರೀಕ್ಷೆ. ಫೆಬ್ರವರಿಯಲ್ಲಿ ಅಡಿಕೆ ಒಣಗಿ ಚೀಲ ಸೇರಿರುತ್ತದೆ, ಕೈಯಲ್ಲಿ ಚೂರು ದುಡ್ಡು ಇರುತ್ತದೆ.

ಗಾಂಧಿನಗರದಲ್ಲಿ ಒಬ್ಬ ವಿತರಕರು ಇಡೀ ರಾಜ್ಯಕ್ಕೆ ಹಾಕೋಣ ಅಂದರು. ಥಿಯೇಟರ್ ಬಾಡಿಗೆ, ಪ್ರತಿ ಪರದೆಗೆ ಡಿಜಿಟಲ್ ಪ್ರೊಜೆಕ್ಷನ್ ಶುಲ್ಕ, ಪೋಸ್ಟರು, ಪ್ರಚಾರ ಎಲ್ಲ ನನ್ನದು. ವಸೂಲಿಯಲ್ಲಿ ಮೊದಲ ಪಾಲು ಅವರದು. ಬಿಕೆಟಿ, ಅಂದರೆ ಬೆಂಗಳೂರು, ಕೋಲಾರ, ತುಮಕೂರು ಏರಿಯಾದಲ್ಲಿ ಹೆಚ್ಚು ಪರದೆ ಹಿಡಿದರೆ ಮಾತ್ರ ಚಿತ್ರಕ್ಕೆ ಮರ್ಯಾದೆ ಅಂತ ಅವರ ವಾದ. ಖಾಲಿ ಕುರ್ಚಿಗೆ ಬಾಡಿಗೆ ಕಟ್ಟಿ ಯಾವ ಮರ್ಯಾದೆ? ನಾನು ಒಪ್ಪಲಿಲ್ಲ. ಶಿವಮೊಗ್ಗ, ತೀರ್ಥಹಳ್ಳಿ, ಸಾಗರ, ಮೈಸೂರು, ಬೆಂಗಳೂರಿನ ಕೆಲವೇ ಪರದೆ. ನಮ್ಮ ದುಡ್ಡು ಹೋಗಿದ್ದು ಜನರನ್ನು ಕರೆತರುವ ಕೆಲಸಕ್ಕೆ. ಬೆಂಗಳೂರಿನಲ್ಲಿರುವ ಮಲೆನಾಡಿನವರಿಗೆ ಒಬ್ಬೊಬ್ಬರಿಗೇ ಫೋನ್ ಮಾಡಲು ಇಬ್ಬರು ಹುಡುಗಿಯರನ್ನು ತಿಂಗಳ ಸಂಬಳಕ್ಕೆ ಇಟ್ಟೆ. ಅವರು ತೀರ್ಥಹಳ್ಳಿ ಕಡೆಯ ಮಾತಲ್ಲೇ ಮಾತಾಡುತ್ತಿದ್ದರು. ಆ ಫೋನು ತಂದಷ್ಟು ಜನರನ್ನು ಪತ್ರಿಕೆಯ ಜಾಹೀರಾತು ತರಲಿಲ್ಲ.

ಗುರುವಾರ ರಾತ್ರಿ ಶಿವಮೊಗ್ಗದ ಥಿಯೇಟರಿಗೆ ಡಿಜಿಟಲ್ ಕೀ ಬರುವವರೆಗೆ ಪ್ರೊಜೆಕ್ಷನ್ ಕೋಣೆಯಲ್ಲೇ ಕೂತಿದ್ದೆ. ಕೀ ಬಾರದೆ ಚಿತ್ರ ತೆರೆಯುವುದೇ ಇಲ್ಲ. ಬಂತು. ಬೆಂಗಳೂರಿನ ಒಂದು ಮಲ್ಟಿಪ್ಲೆಕ್ಸ್ ನಮಗೆ ಬೆಳಿಗ್ಗೆ ಹತ್ತರ ಆಟ ಕೊಟ್ಟಿತ್ತು, ಸೋಮವಾರ ಅದನ್ನೂ ಕಿತ್ತುಕೊಂಡಿತು. ಕೆಲಸಕ್ಕೆ ಹೋಗುವ ದಿನ ಹತ್ತು ಗಂಟೆಗೆ ಯಾರು ಸಿನಿಮಾಕ್ಕೆ ಬರುತ್ತಾರೆ ಅಂತ ಯಾರೂ ಕೇಳುವುದಿಲ್ಲ, ಜನ ಬರಲಿಲ್ಲ ಅಂತ ಮಾತ್ರ ಬರೆದುಕೊಳ್ಳುತ್ತಾರೆ. ಸಣ್ಣ ಚಿತ್ರಗಳಿಗೆ ಇದು ನಿಜಕ್ಕೂ ಅನ್ಯಾಯ. ಆದರೆ ಬಿಡುಗಡೆ ಖಾತೆಯಲ್ಲಿ ಇನ್ನೂ ದುಡ್ಡು ಇತ್ತು. ಎರಡನೇ ವಾರ ಅದೇ ಊರಿನ ಬೇರೊಂದು ಪರದೆಯಲ್ಲಿ ಸಂಜೆ ಆಟ ಹಿಡಿದೆವು, ಶನಿವಾರ ಭಾನುವಾರ ತುಂಬಿತು. ಸಾಗರದಲ್ಲಿ ಚಿತ್ರ ಮೂರನೇ ವಾರಕ್ಕೂ ನಡೆಯಿತು. ಆ ತಾಲ್ಲೂಕಿನ ಜನ ಸಿನಿಮಾ ನೋಡುವ ರೀತಿಯೇ ಬೇರೆ. ಹೆಗ್ಗೋಡಿನ ರಂಗಸಂಸ್ಥೆ ನೀನಾಸಂ 1970ರ ದಶಕದಲ್ಲೇ ಚಿತ್ರಸಮಾಜ ಕಟ್ಟಿ, ಹಳ್ಳಿಯ ಜನರಿಗೆ ಜಗತ್ತಿನ ಸಿನಿಮಾ ತೋರಿಸಿದೆ. ಆಟ ಮುಗಿದ ಮೇಲೆ ಹೊರಗೆ ನಿಂತು ಒಬ್ಬ ಹಿರಿಯರು ಹಿಸ್ಸೆಯ ದೃಶ್ಯದಲ್ಲಿ ಕ್ಯಾಮೆರಾ ಯಾಕೆ ಅಡುಗೆಮನೆ ಬಾಗಿಲಲ್ಲಿ ಇತ್ತು ಅಂತ ನಿರ್ದೇಶಕನನ್ನು ಕೇಳಿದರು. ಅವನು ಬಹಳ ಹೊತ್ತು ಅವರ ಜೊತೆ ಮಾತಾಡಿದ.

ದುಡ್ಡು ಬಂದ ದಾರಿಗಳನ್ನೂ ಹೇಳಿಬಿಡುತ್ತೇನೆ. ಥಿಯೇಟರಿನಿಂದ ಬಂದದ್ದು ಹೆಚ್ಚುಕಡಿಮೆ ಬಿಡುಗಡೆಯ ಖರ್ಚಿಗೆ ಸಮ. ಆದರೆ ಥಿಯೇಟರಿನಲ್ಲಿ ಓಡಿದ ಚಿತ್ರ ಅಂತ ಒಂದು ಕಾಗದ ಸಿಕ್ಕಿತು, ಅದಿಲ್ಲದೆ ಒಟಿಟಿಯವರು ಮಾತಿಗೇ ಕೂರುವುದಿಲ್ಲ. ಅವರೂ ಈಗ ಸಣ್ಣ ಕನ್ನಡ ಚಿತ್ರಗಳನ್ನು ಒಂದೇ ಮೊತ್ತಕ್ಕೆ ಕೊಳ್ಳುವುದು ಅಪರೂಪ. ಜನ ಎಷ್ಟು ಹೊತ್ತು ನೋಡಿದರೋ ಅದರ ಮೇಲೆ ಪಾಲು. ಹಿಂದಿ ಡಬ್ಬಿಂಗ್ ಹಕ್ಕಿಗೆ ಸಣ್ಣ ಮೊತ್ತ ಬಂತು. ರಾಜ್ಯ ಸರ್ಕಾರದ ಸಹಾಯಧನಕ್ಕೆ ಅರ್ಜಿ ಹಾಕಿದ್ದೇವೆ. ಸಮಿತಿ ಚಿತ್ರ ನೋಡಿ ಆಯ್ಕೆ ಮಾಡಬೇಕು, ಆಮೇಲೆ ದುಡ್ಡು ಬರಲು ಇನ್ನೂ ಕಾಲ ಹಿಡಿಯುತ್ತದೆ. ಹಾಗಾಗಿ ಅದನ್ನು ನಾನು ಬಜೆಟ್ಟಿನಲ್ಲಿ ಸೇರಿಸಿಯೇ ಇಲ್ಲ. ನೀವೂ ಸೇರಿಸಬೇಡಿ. ಸಹಾಯಧನ ನಂಬಿ ಬಡ್ಡಿಗೆ ಸಾಲ ಮಾಡಿದವರ ಪಾಡು ನೋಡಿದ್ದೇನೆ.

ಹೂಡಿಕೆದಾರರಿಗೆ ಆರು ತಿಂಗಳಿಗೊಮ್ಮೆ ಲೆಕ್ಕ ಕಳಿಸುತ್ತೇನೆ, ವೋಚರ್ ನೋಡಬೇಕು ಅಂದವರಿಗೆ ಫೈಲ್ ತೆರೆದೇ ಇದೆ. ಅವರ ಅಸಲಿನ ಮುಕ್ಕಾಲು ಪಾಲು ಇಲ್ಲಿಯವರೆಗೆ ವಾಪಸ್ ಹೋಗಿದೆ. ಒಬ್ಬರು ಇನ್ನು ಸಾಕು ಅಂದರು, ಅವರ ಮಗನ ಮದುವೆ ಇದೆ. ಉಳಿದವರು ಎರಡನೇ ಚಿತ್ರಕ್ಕೂ ಬರುತ್ತೇವೆ ಅಂದಿದ್ದಾರೆ.

ಆ ಕಥೆ ಹೊಸನಗರ ಕಡೆಯದು, ಶರಾವತಿ ಹಿನ್ನೀರಿನಲ್ಲಿ ಮನೆ ಮುಳುಗಿದವರದು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಕಟ್ಟಿ ಮುಗಿದಾಗ ಊರು ಬಿಟ್ಟು ಬಂದ ಕುಟುಂಬಗಳ ಹಿರಿಯರು ಈಗ ಕೆಲವರಷ್ಟೇ ಉಳಿದಿದ್ದಾರೆ. ಅವರ ಮಾತನ್ನು ಮೊದಲು ರೆಕಾರ್ಡ್ ಮಾಡಿಕೊಳ್ಳುತ್ತಿದ್ದೇವೆ, ಚಿತ್ರಕಥೆ ಆಮೇಲೆ. ಬೇಸಿಗೆಯಲ್ಲಿ ನೀರು ಇಳಿದಾಗ ಹಳೆಯ ಅಡಿಪಾಯಗಳು ಕಾಣುತ್ತವೆ, ಶೂಟಿಂಗ್ ಆ ವಾರಗಳಲ್ಲೇ ಆಗಬೇಕು. ಬಿಡುಗಡೆಯ ಖಾತೆ ಆಗಲೇ ತೆರೆದಾಗಿದೆ. ಎರಡನೇ ಸಹಿ ಈ ಸಲ ನಿರ್ದೇಶಕನದ್ದು, ಅವನೇ ಕೇಳಿಕೊಂಡ. ನೂರಕ್ಕೆ ನಲವತ್ತು ಇಡೋಣ ಅಂತಲೂ ಅವನೇ ಹೇಳಿದ್ದು.